ಲಿಂಕನ್ ಲೇಖನ ವಾಪಸ್ ಕಳಿಸುತ್ತಿದ್ದೇನೆ, ಯಾಕೆಂದರೆ

ನಮಸ್ಕಾರ.

ಬೆಂಜಮಿನ್ ಲಿಂಕನ್ ಕುರಿತ ನಿಮ್ಮ ಲೇಖನವನ್ನು ಎರಡು ಸಲ ಓದಿದೆ. ಈಗಿರುವ ಹಾಗೆ ಪ್ರಕಟಿಸಲಾರೆ. ಆದರೆ ವಿಷಯ ಬಿಡಬೇಡಿ. ಅಮೆರಿಕದ ಸ್ವಾತಂತ್ರ್ಯಯುದ್ಧ ಎಂದರೆ ಎಲ್ಲರೂ ವಾಷಿಂಗ್ಟನ್ ಬೆನ್ನು ಹತ್ತುವಾಗ ನೀವು ಈ ಕುಂಟುಕಾಲಿನ ರೈತ ಸೇನಾನಿಯನ್ನು ಹಿಡಿದದ್ದು ನನಗೆ ಹಿಡಿಸಿತು.

ನೀವು ಬರೆದದ್ದು ಮಾತ್ರ ಬಯೊಡೇಟಾ. 1733ರಲ್ಲಿ ಹಿಂಗ್‌ಹ್ಯಾಮ್‌ನಲ್ಲಿ ಜನನ, 1777ರಲ್ಲಿ ಸಾರಟೋಗಾದಲ್ಲಿ ಕಾಲಿಗೆ ಗುಂಡೇಟು, 1781ರಲ್ಲಿ ಯುದ್ಧ ಕಾರ್ಯದರ್ಶಿ, 1789ರಿಂದ ಬಾಸ್ಟನ್ ಬಂದರಿನ ಸುಂಕಾಧಿಕಾರಿ, 1810ರಲ್ಲಿ ಮರಣ. ಒಂದೊಂದಕ್ಕೂ ಅಳೆದಿಟ್ಟಂತೆ ಒಂದೊಂದು ಪ್ಯಾರಾ. ಬ್ರಿಟಿಷರು ಮುತ್ತಿದ ಚಾರ್ಲ್ಸ್‌ಟನ್ ಊರನ್ನು ಅವನು ಉಳಿಸಿಕೊಳ್ಳಲಾರದೆ ಹೋದದ್ದಕ್ಕೆ ಮಾತ್ರ ಒಂದೇ ಸಾಲು: "ದುರದೃಷ್ಟವಶಾತ್ ಶರಣಾಗಬೇಕಾಯಿತು." ಅವಮಾನ ನಿಮ್ಮ ನಾಯಕನದು, ನಾಚಿಕೊಂಡವರು ನೀವು!

ನಿಜವಾದ ಲೇಖನ ಇರುವುದೇ ಅಲ್ಲಿ. ಊರು ಹೋದರೂ ಸೈನ್ಯ ಉಳಿಯಲಿ ಎಂದು ಲಿಂಕನ್ ಹೊರಡುವ ಮಾತಾಡಿದಾಗ, ಹಾಗೇನಾದರೂ ಮಾಡಿದರೆ ನಾವೇ ಬ್ರಿಟಿಷರಿಗೆ ಬಾಗಿಲು ತೆಗೆಯುತ್ತೇವೆ ಎಂದು ಊರಿನ ಮುಖಂಡರು ಹೆದರಿಸಿದರು. ಅವನು ಉಳಿದ. 1780ರ ಮೇ 12ರಂದು ಐದು ಸಾವಿರಕ್ಕೂ ಹೆಚ್ಚು ಜನರೊಂದಿಗೆ ಸೆರೆಯಾದ. ಚೆನ್ನಾಗಿ ಕಾದು ಸೋತವರಿಗೆ ಬಾವುಟ ಬಿಚ್ಚಿಕೊಂಡು ಹೊರಬರಲು ಬಿಡುವುದು ಆ ಕಾಲದ ಮರ್ಯಾದೆ. ಬ್ರಿಟಿಷರು ಅದನ್ನೂ ಕೊಡಲಿಲ್ಲ, ಸುತ್ತಿಟ್ಟುಕೊಂಡೇ ಬನ್ನಿ ಎಂದರು. ಹದಿನೇಳು ತಿಂಗಳ ನಂತರ ಯಾರ್ಕ್‌ಟೌನ್‌ನಲ್ಲಿ ಬ್ರಿಟಿಷ್ ಸೇನಾಪತಿ ಕಾರ್ನ್‌ವಾಲಿಸ್ ಸೋತಾಗ ಅಮೆರಿಕನ್ನರು ಅದೇ ಷರತ್ತನ್ನು ಅವನಿಗೆ ಹಾಕಿದರು. ನಿಮ್ಮಲ್ಲಿ ಈ ಎರಡು ಘಟನೆಗಳ ನಡುವೆ ನಾಲ್ಕು ಪುಟದ ವಂಶಾವಳಿ ಕೂತಿದೆ. (ಇವನು ಅಬ್ರಹಾಂ ಲಿಂಕನ್ನನ ಅಜ್ಜನಲ್ಲ ಎಂದು ಒಂದು ಸಾಲಲ್ಲಿ ಹೇಳಿದರೆ ಸಾಕು.)

"ಕಾರ್ನ್‌ವಾಲಿಸ್ ವಾಷಿಂಗ್ಟನ್ನನಿಗೆ ಖಡ್ಗ ಒಪ್ಪಿಸಿದ" ಎಂಬುದು ತಪ್ಪು. ಮೈ ಹುಷಾರಿಲ್ಲ ಎಂದು ಅವನು ಬರಲೇ ಇಲ್ಲ, ತನ್ನ ಉಪಸೇನಾಪತಿ ಒಹಾರಾನನ್ನು ಕಳಿಸಿದ. ಒಹಾರಾ ಮೊದಲು ಅಮೆರಿಕನ್ನರ ಜೊತೆಗಾರರಾದ ಫ್ರೆಂಚರ ಬಳಿ ಹೋದ, ಅವರು ವಾಷಿಂಗ್ಟನ್ ಕಡೆ ಕೈ ತೋರಿಸಿದರು. ಬಂದವನು ಎರಡನೆಯವನು, ಹಾಗಾಗಿ ವಾಷಿಂಗ್ಟನ್ ತನ್ನ ಎರಡನೆಯವನನ್ನೇ ತೋರಿಸಿದ. ಆ ಎರಡನೆಯವನೇ ಲಿಂಕನ್! ಈ ಶರಣಾಗತಿಯನ್ನು ತೋರಿಸುವ ಟ್ರಂಬುಲ್‌ನ ವರ್ಣಚಿತ್ರದ ನಡುವೆ ಬಿಳಿ ಕುದುರೆ ಮೇಲಿರುವವನೂ ಅವನೇ. ಇಡೀ ಬದುಕಿನ ಈ ಗಳಿಗೆಯನ್ನು ನೀವು ವಾಷಿಂಗ್ಟನ್ನನಿಗೆ ದಾನ ಮಾಡಿಬಿಟ್ಟಿದ್ದೀರಿ.

ಇನ್ನು, ಕಾರ್ನ್‌ವಾಲಿಸನನ್ನು ಅಂದೇ ಮುಗಿಸಿದ್ದರೆ ಟಿಪ್ಪು ಉಳಿಯುತ್ತಿದ್ದ ಎಂಬ ಕೊನೆಯ ಪುಟ ಹೊಡೆದುಹಾಕಿ. ಮುಂದೆ ಗವರ್ನರ್ ಜನರಲ್ ಆಗಿ ಭಾರತಕ್ಕೆ ಬಂದ ಕಾರ್ನ್‌ವಾಲಿಸ್ 1791ರಲ್ಲಿ ಬೆಂಗಳೂರು ಕೋಟೆ ಹಿಡಿದದ್ದು, ಮರುವರ್ಷ ಶ್ರೀರಂಗಪಟ್ಟಣದಲ್ಲಿ ಟಿಪ್ಪುವಿನ ಅರ್ಧ ರಾಜ್ಯ ಕಿತ್ತುಕೊಂಡದ್ದು ನಿಜ. ಟಿಪ್ಪು ಸತ್ತದ್ದು 1799ರಲ್ಲಿ, ಆಗ ಗವರ್ನರ್ ಜನರಲ್ ಬೇರೆಯವನು. ನಮ್ಮ ಓದುಗರಿಗೆ ಈ ನಂಟು ಬೇಕು, ಆದರೆ ಎರಡು ವಾಕ್ಯದಷ್ಟು.

ಆ ಜಾಗವನ್ನು 1787ಕ್ಕೆ ಕೊಡಿ. ಸಾಲ, ತೆರಿಗೆ ತಾಳಲಾರದೆ ಮ್ಯಾಸಚೂಸೆಟ್ಸ್ ರೈತರು ಕೋರ್ಟುಗಳನ್ನು ಮುಚ್ಚಿಸಿದರು. ಅವರ ಮುಂದಾಳುಗಳಲ್ಲೊಬ್ಬ ಡೇನಿಯಲ್ ಶೇಸ್, ಅದೇ ಸ್ವಾತಂತ್ರ್ಯಯುದ್ಧದ ಕ್ಯಾಪ್ಟನ್. ಅವರನ್ನು ಹತ್ತಿಕ್ಕಲು ಹೋದವನು ಲಿಂಕನ್. ದಂಡಿಗೆ ದುಡ್ಡು ಕೊಟ್ಟವರು ಬಾಸ್ಟನ್ನಿನ ವರ್ತಕರು. ಫೆಬ್ರವರಿಯಲ್ಲಿ ಹಿಮಗಾಳಿಯಲ್ಲಿ ರಾತ್ರಿಯಿಡೀ ನಡೆಸಿ, ಬೆಳಗಾಗುವಾಗ ಪೀಟರ್ಸ್‌ಹ್ಯಾಮ್‌ನಲ್ಲಿ ಅವರ ಮೇಲೆ ಬಿದ್ದ. ಆಮೇಲೆ ಅದೇ ಮನುಷ್ಯ, ಇವರಿಗೆ ಇಷ್ಟು ಕಠಿಣ ಶಿಕ್ಷೆ ಬೇಡ ಎಂದು ವಾದಿಸಿದ. ನೀವಿದನ್ನು "ದಂಗೆಯನ್ನು ಯಶಸ್ವಿಯಾಗಿ ಹತ್ತಿಕ್ಕಿದನು" ಎಂದು ಮುಗಿಸಿದ್ದೀರಿ. ಸರ್ಕಾರಿ ವರದಿ ಓದಿದ ಹಾಗಾಯಿತು.

ಬಾವುಟದಿಂದ ಶುರುಮಾಡಿ, ಹಿಮದವರೆಗೆ ಬನ್ನಿ. ಹುಟ್ಟಿದ ಇಸವಿ ನಡುವೆ ಎಲ್ಲಾದರೂ ಬರಲಿ. ಎರಡು ಸಾವಿರ ಪದ ದಾಟದಿರಲಿ. ಹಿಂಗ್‌ಹ್ಯಾಮ್ ಅನ್ನು ನಾಲ್ಕು ಥರ ಬರೆದಿದ್ದೀರಿ, ಒಂದನ್ನೇ ಇಟ್ಟುಕೊಳ್ಳಿ.