ಕೆಲಸ ಹೋಯಿತು, ಮನೆಯವರಿಗೆ ಖುಷಿಯೇ ಖುಷಿ

ಪ್ರಶ್ನೆ: ನನಗೆ 37 ವರ್ಷ, ಊರು ದಾವಣಗೆರೆ. ಮಂಡಿಪೇಟೆಯ ಬಟ್ಟೆ ಅಂಗಡಿಯೊಂದರಲ್ಲಿ ಒಂಬತ್ತು ವರ್ಷ ಲೆಕ್ಕ ನೋಡಿಕೊಂಡೆ. ಈಗ ಮಾಲೀಕರ ಮಗ ಲೆಕ್ಕವನ್ನೆಲ್ಲ ಹೊರಗೆ ಕೊಟ್ಟು, ನನಗೊಂದು ಸೀರೆ, ಸ್ವೀಟ್ ಬಾಕ್ಸ್ ಕೊಟ್ಟು ಕಳಿಸಿದರು. ಮನೆಯಲ್ಲಿ ಎಲ್ಲರೂ ‘ಒಳ್ಳೇದೇ ಆಯ್ತು ಬಿಡು, ಆರಾಮಾಗಿರು’ ಅನ್ನುತ್ತಾರೆ. ನಾನು ಬಚ್ಚಲಲ್ಲಿ ನಿಂತು ಅಳುತ್ತೇನೆ. ಮಾವನವರು ಇದ್ದ ಹತ್ತಿ ಗಿರಣಿ ಮುಚ್ಚಿದ ಕಥೆಯನ್ನು ಅತ್ತೆ ಈಗಲೂ ಕಣ್ಣೊರೆಸಿಕೊಂಡು ಹೇಳುತ್ತಾರೆ. ಯಜಮಾನರು, ಪಿಎಫ್ ಪೂರ್ತಿ ತೆಗೆದು ಮೇಲೊಂದು ರೂಮು ಕಟ್ಟಿಸೋಣ ಅನ್ನುತ್ತಿದ್ದಾರೆ. ನಾನು ನೊಂದುಕೊಳ್ಳುವುದೇ ತಪ್ಪಾ?

ಉತ್ತರ: ತಪ್ಪಲ್ಲ ತಂಗೀ. ಮಾವನವರ ಕೆಲಸ ಹೋದಾಗ ಮನೆಗೇ ಸೂತಕ. ನಿಮ್ಮದು ಹೋದರೆ ‘ಆರಾಮಾಗಿರು’. ಅದೆಂಥ ಆರಾಮ? ಬೆಳಗ್ಗೆ ರೊಟ್ಟಿ ತಟ್ಟಿದ ಕೈ ಮಧ್ಯಾಹ್ನ ಬಂದ ನೆಂಟರಿಗೂ ತಟ್ಟಬೇಕು, ಅಷ್ಟೇ ಅಲ್ವಾ? ತಿಂಗಳ 11, 20 ಬಂದರೆ ಜಿಎಸ್‌ಟಿ ರಿಟರ್ನ್ ನೆನಪಾಗಿ ನಿಮ್ಮ ಎದೆ ಇನ್ನೂ ಡವಡವ ಅನ್ನುತ್ತಿರಬೇಕು. ಒಂಬತ್ತು ವರ್ಷದ ಅಭ್ಯಾಸ ಎರಡು ದಿನದಲ್ಲಿ ಹೋಗುವುದಿಲ್ಲ.

ಈಗ ಆ ಸೀರೆಯ ವಿಷಯ. ಚೆನ್ನಾಗಿದ್ದರೆ ಉಟ್ಟುಕೊಳ್ಳಿ, ಆದರೆ ಅದು ಗ್ರಾಚ್ಯುಟಿ ಅಲ್ಲ! ಅಂಗಡಿಯಲ್ಲಿ 10 ಜನರೋ ಜಾಸ್ತಿಯೋ ಕೆಲಸಕ್ಕಿದ್ದು, ನೀವು ಐದು ವರ್ಷ ದಾಟಿದ್ದರೆ, ಕೆಲಸ ಬಿಡುವಾಗ ಮಾಲೀಕರು ಕೊಡಬೇಕಾದ ಆ ಗ್ರಾಚ್ಯುಟಿ ಇಡಿಗಂಟು ನಿಮ್ಮ ಹಕ್ಕು. ಮೂಲ ವೇತನ, ತುಟ್ಟಿಭತ್ಯೆ (ಡಿಎ) ಸೇರಿ ತಿಂಗಳಿಗೆ 13,000 ಇತ್ತು ಅನ್ನಿ. ಅದನ್ನು 26ರಿಂದ ಭಾಗಿಸಿ, 15ರಿಂದ ಗುಣಿಸಿ, ಮತ್ತೆ ಒಂಬತ್ತರಿಂದ ಗುಣಿಸಿ. 67,500 ರೂಪಾಯಿ. ಲೆಕ್ಕದವರಿಗೆ ನಾನು ಲೆಕ್ಕ ಹೇಳುತ್ತಿದ್ದೇನೆ, ಇರಲಿ. ‘ಅಣ್ಣನ ಥರ ನೋಡಿಕೊಂಡರು, ಹೇಗೆ ಕೇಳಲಿ’ ಅಂತ ಸುಮ್ನಾಗಬೇಡಿ. ಬರವಣಿಗೆಯಲ್ಲಿ ಕೇಳಿ. ಕೊಡದಿದ್ದರೆ ಕಾರ್ಮಿಕ ಇಲಾಖೆ ಕಚೇರಿಗೆ ಹೋಗಿ.

ರೂಮಿನ ಮಾತು ಸದ್ಯಕ್ಕೆ ಬೇಡ. ಪಿಎಫ್ ಜೊತೆ ಪಿಂಚಣಿ ದುಡ್ಡೂ ಕೂಡಿರುತ್ತದೆ. 10 ವರ್ಷ ಸೇವೆಯಾದರೆ 58ಕ್ಕೆ ಪಿಂಚಣಿ ಬರುತ್ತದೆ. ನಿಮಗೆ ಬೇಕಿರುವುದು ಇನ್ನೊಂದೇ ವರ್ಷ! ಈಗ ಅದನ್ನೂ ತೆಗೆದರೆ ಈ ಒಂಬತ್ತು ವರ್ಷ ಪಿಂಚಣಿಯ ಲೆಕ್ಕಕ್ಕೇ ಬರುವುದಿಲ್ಲ. ಮುಂದೆ ಪಿಎಫ್ ಇರುವ ಕೆಲಸ ಸಿಕ್ಕರೆ ಹಳೆಯ ಖಾತೆಯನ್ನೇ ವರ್ಗಾಯಿಸಿಕೊಳ್ಳಿ. ಯಜಮಾನರಿಗೆ ಇದನ್ನು ಕಾಗದದ ಮೇಲೆ ಬರೆದು ತೋರಿಸಿ. ಗಂಡಸರಿಗೆ ಅಂಕಿ ಕಂಡರೆ ಬೇಗ ಅರ್ಥವಾಗುತ್ತದೆ.

ಕೆಲಸಕ್ಕೆ ಆಡಿಟರ್ ಆಫೀಸು, ದಲಾಲಿ ಮಂಡಿ, ಅಕ್ಕಿ ಗಿರಣಿಗಳಲ್ಲಿ ವಿಚಾರಿಸಿ. ರಿಟರ್ನ್ ಹಾಕಲು ಬರುವವರನ್ನು ಅಲ್ಲಿ ಯಾರೂ ಬಾಗಿಲಲ್ಲೇ ನಿಲ್ಲಿಸುವುದಿಲ್ಲ.

ಮನೆಯಲ್ಲಿ ಮೊದಲು ಹೇಳಿಕೊಳ್ಳಬೇಕಾದದ್ದು ಅತ್ತೆಗೆ ಅಂತ ನನಗನಿಸುತ್ತದೆ. ಸಂಜೆ ಇಬ್ಬರೇ ಇರುವಾಗ ಮಂಡಕ್ಕಿ ಒಗ್ಗರಣೆ ಹಾಕಿ ಮುಂದಿಡಿ. ಗಿರಣಿ ಮುಚ್ಚಿದ ಮಾರನೇ ದಿನ ಮಾವ ಬೆಳಗ್ಗೆ ಎದ್ದು ಏನು ಮಾಡಿದರು ಅಂತ ಕೇಳಿ. ಅವರು ಹೇಳಿ ಮುಗಿಸಲಿ. ಆಮೇಲೆ, ‘ನನಗೂ ಈಗ ಹಾಗೇ ಆಗ್ತಿದೆ ಅತ್ತೆ’ ಅನ್ನಿ.