30 ಲಕ್ಷದ ಗೃಹಸಾಲಕ್ಕೆ ಕೊನೆಗೆ ನಿಜವಾಗಿ ಎಷ್ಟು ಕಟ್ಟುತ್ತೇವೆ? 20 ವರ್ಷವೋ, 30 ವರ್ಷವೋ?

ನಿಮ್ಮ ಪ್ರಶ್ನೆ ನಾನು ಅರ್ಥ ಮಾಡಿಕೊಂಡದ್ದು ಹೀಗೆ: ಬೆಳಗಾವಿಯಲ್ಲಿ 40 ಲಕ್ಷದ ಮನೆ ನೋಡಿದ್ದೀರಿ. ಉದ್ಯಮಬಾಗದಲ್ಲಿ ಖಾಸಗಿ ನೌಕರಿ. ಈಗ 11 ಸಾವಿರ ಬಾಡಿಗೆ. ಬ್ಯಾಂಕಿನವರು ಶೇ. 8.5ರ ಬಡ್ಡಿಗೆ 30 ಲಕ್ಷ ಕೊಡುತ್ತಾರಂತೆ. 20 ವರ್ಷಕ್ಕಾದರೆ ಕಂತು 26 ಸಾವಿರ, 30 ವರ್ಷಕ್ಕಾದರೆ 23 ಸಾವಿರ. ನಿಮ್ಮ ಮನೆಯವರು "30 ವರ್ಷವೇ ಇರಲಿ, ಕೈ ಸ್ವಲ್ಪ ಸಡಿಲ ಇರುತ್ತದೆ" ಅಂತಾರೆ. ಯಾವುದು ಸರಿ ಅಂತ ಕೇಳಿದ್ದೀರಿ.

ನಾನು ಬ್ಯಾಂಕಿನವನಲ್ಲ. ಬಾಗಲಕೋಟೆ ನವನಗರದಲ್ಲಿರುವ ಹೈಸ್ಕೂಲ್ ಗಣಿತ ಮಾಸ್ತರ. 2021ರಲ್ಲಿ ಸಾಲ ತೆಗೆದು ಮನೆ ಕಟ್ಟಿಸಿದೆ, 2023ರಲ್ಲಿ ಪೆಟ್ಟು ತಿಂದೆ. ಗಣಿತ ಕಲಿಸುವವನಿಗೇ ಹೀಗಾಯಿತಲ್ಲ ಅಂತ ಸ್ಟಾಫ್ ರೂಮಿನಲ್ಲಿ ಇನ್ನೂ ನಗುತ್ತಾರೆ.

ಮೊದಲು ನಿಮ್ಮ ಲೆಕ್ಕ. 20 ವರ್ಷಕ್ಕೆ ಕಂತು 26,035 ರೂಪಾಯಿ. 240 ಕಂತು ಸೇರಿದರೆ 62 ಲಕ್ಷ 48 ಸಾವಿರ. 30 ವರ್ಷಕ್ಕೆ ಕಂತು 23,067. 360 ಕಂತು ಸೇರಿದರೆ 83 ಲಕ್ಷ 4 ಸಾವಿರ. ತಿಂಗಳಿಗೆ ಮೂರು ಸಾವಿರಕ್ಕಿಂತ ಕಡಿಮೆ ಉಳಿಯುತ್ತದೆ, ಅದಕ್ಕೆ ಬದಲಾಗಿ ಕೊನೆಗೆ ಇಪ್ಪತ್ತು ಲಕ್ಷ ಜಾಸ್ತಿ ಹೋಗುತ್ತದೆ. 15 ವರ್ಷಕ್ಕೆ ಮಾಡಿಸಿದರೆ? ಕಂತು 29,542, ಒಟ್ಟು 53 ಲಕ್ಷ 18 ಸಾವಿರ. ಬಡ್ಡಿ ದರ ಮೂರರಲ್ಲೂ ಒಂದೇ. ಬದಲಾಗಿದ್ದು ವರ್ಷ ಮಾತ್ರ.

ಇದು ನಮಗೆ ಯಾಕೆ ಥಟ್ಟನೆ ಹೊಳೆಯುವುದಿಲ್ಲ ಅಂದರೆ, ನಮ್ಮ ಕಡೆ ಬಡ್ಡಿ ಎಣಿಸುವ ರೀತಿಯೇ ಬೇರೆ. ಊರಲ್ಲಿ ಕೈಗಡ ತಂದರೆ "ನೂರಕ್ಕ ಎರಡು" ಅಂತಾರೆ. ತಿಂಗಳಿಗೆ ನೂರಕ್ಕೆ ಎರಡು ರೂಪಾಯಿ, ಅಂದರೆ ವರ್ಷಕ್ಕೆ ಶೇ. 24. ಆ ಲೆಕ್ಕದಲ್ಲಿ ಬ್ಯಾಂಕಿನ 8.5 ಅಂದರೆ ನೂರಕ್ಕೆ ಸುಮಾರು 71 ಪೈಸೆ. ನಮ್ಮ ಕಾಕಾನಿಗೆ ಇದನ್ನು ಹೇಳಿದಾಗ "ಹಂಗಾರ ಪುಕ್ಕಟೆನ ಬಿಡು" ಅಂದಿದ್ದರು. ಅವರು ಮುಳುಗಡೆಯ ಪರಿಹಾರದ ದುಡ್ಡಿನಲ್ಲಿ ನವನಗರದಲ್ಲಿ ಮನೆ ಕಟ್ಟಿಸಿದವರು. ಆಲಮಟ್ಟಿ ಹಿನ್ನೀರಿಗೆ ಹಳೆ ಮನೆ ಹೋಯಿತು, ಆದರೆ ಬ್ಯಾಂಕಿನ ಮೆಟ್ಟಿಲು ಹತ್ತುವ ಪ್ರಸಂಗ ಬರಲಿಲ್ಲ. ಅವರಿಗೆ ಗೊತ್ತಿದ್ದ ಸಾಲ ಅಂದರೆ ಸುಗ್ಗಿ ಬಂದಾಗ ಹರಿಯುವ ಸಾಲ. ಗೃಹಸಾಲ 240 ತಿಂಗಳು ಕೂತಿರುತ್ತದೆ. 71 ಪೈಸೆಯನ್ನು 240ರಿಂದ ಗುಣಿಸಿ ನೋಡಿ, 170 ರೂಪಾಯಿ. ನಡುವೆ ಅಸಲು ಕರಗುತ್ತಾ ಬರುವುದರಿಂದ ನಿಜವಾಗಿ ನೂರಕ್ಕೆ 108 ರೂಪಾಯಿ ಬಡ್ಡಿ ಆಗುತ್ತದೆ. ಅಂದರೂ ಅಸಲಿಗಿಂತ ಬಡ್ಡಿಯೇ ದೊಡ್ಡದು.

ಅಸಲು ಕರಗುವ ವೇಗ ನೋಡಿದರೆ ಇನ್ನೂ ಬೇಜಾರು. ಮೊದಲ ತಿಂಗಳ 26,035ರಲ್ಲಿ ಬಡ್ಡಿ 21,250. ಅಸಲಿಗೆ ಹೋಗುವುದು 4,785. ಹತ್ತು ವರ್ಷ ಒಂದೂ ಕಂತು ತಪ್ಪಿಸದೆ 31 ಲಕ್ಷ ಕಟ್ಟಿರುತ್ತೀರಿ. ಆಗ ಬ್ಯಾಂಕಿಗೆ ಹೋಗಿ ಎಷ್ಟು ಉಳಿದಿದೆ ಅಂತ ಕೇಳಿದರೆ "21 ಲಕ್ಷ" ಅಂತಾರೆ. ಯಾರೂ ಮೋಸ ಮಾಡಿರುವುದಿಲ್ಲ. ಮೊದಲು ಆ ತಿಂಗಳ ಬಡ್ಡಿ ಮುರಿದುಕೊಂಡು, ಉಳಿದದ್ದನ್ನು ಮಾತ್ರ ಅಸಲಿಗೆ ಜಮಾ ಮಾಡುವುದು ಕಂತಿನ ಪದ್ಧತಿ.

ಈಗ ನನ್ನ ಕಥೆ. 2021ರ ಆಗಸ್ಟ್‌ನಲ್ಲಿ 18 ಲಕ್ಷ ಸಾಲ ತೆಗೆದೆ. ದರ ಶೇ. 6.9, ಅವಧಿ 20 ವರ್ಷ, ಕಂತು 13,847. ಆಗ ರಿಸರ್ವ್ ಬ್ಯಾಂಕಿನ ರೆಪೊ ದರ, ಅಂದರೆ ಅದು ಬ್ಯಾಂಕುಗಳಿಗೆ ಸಾಲ ಕೊಡುವ ಬಡ್ಡಿ ದರ, ಶೇ. 4 ಇತ್ತು. 2019ರ ಅಕ್ಟೋಬರ್‌ನಿಂದ ಬ್ಯಾಂಕುಗಳ ಹೊಸ ಗೃಹಸಾಲದ ಬದಲಾಗುವ ದರವನ್ನು ರೆಪೊದಂಥ ಹೊರಗಿನ ಮಾನದಂಡಕ್ಕೆ ಜೋಡಿಸಬೇಕು ಅಂತ ನಿಯಮ ಬಂದಿದೆ. ರೆಪೊ ಏರಿದರೆ ನಿಮ್ಮ ದರವೂ ಏರುತ್ತದೆ, ಇಳಿದರೆ ಇಳಿಯುತ್ತದೆ. 2022ರ ಮೇಯಿಂದ 2023ರ ಫೆಬ್ರುವರಿ ತನಕ ರೆಪೊ 4ರಿಂದ 6.5ಕ್ಕೆ ಹೋಯಿತು. ನನ್ನ ದರ 9.4 ಆಯಿತು.

ಕಂತು ಮಾತ್ರ ಅಷ್ಟೇ ಇತ್ತು, 13,847. ಹೀಗಾಗಿ ನಾನೂ ಆರಾಮಾಗಿದ್ದೆ. ಪೇಪರಿನಲ್ಲಿ ರೆಪೊ ಏರಿಕೆ ಸುದ್ದಿ ಓದಿ, ನಮಗೇನೂ ಆಗಿಲ್ಲ ಅಂತ ಮಡಚಿಡುತ್ತಿದ್ದೆ. 2023ರ ಏಪ್ರಿಲ್‌ನಲ್ಲಿ ತೆರಿಗೆ ಲೆಕ್ಕಕ್ಕೆ ಅಂತ ಸಾಲದ ಸ್ಟೇಟ್‌ಮೆಂಟ್ ತೆಗೆಸಿದೆ. ಆ ತಿಂಗಳ ಕಂತಿನಲ್ಲಿ ಅಸಲಿಗೆ ಜಮಾ ಆಗಿದ್ದು 118 ರೂಪಾಯಿ. ನೂರಾ ಹದಿನೆಂಟು! ಉಳಿದದ್ದೆಲ್ಲ ಬಡ್ಡಿ. ಬ್ಯಾಂಕು ಕಂತು ಏರಿಸುವ ಬದಲು ಅವಧಿ ಎಳೆದಿತ್ತು. ಮನೆಗೆ ಬಂದು ಲೆಕ್ಕ ಹಾಕಿದೆ. ಅದೇ ಕಂತು, ಅದೇ ದರ ಇದ್ದರೆ ಸಾಲ ಹರಿಯಲು ಇನ್ನೂ 50 ವರ್ಷ ಬೇಕು. ನನಗಾಗ 44. ಮೊಮ್ಮಕ್ಕಳ ಮದುವೆಯಾದ ಮೇಲೂ ಕಂತು ಕಟ್ಟುತ್ತಾ ಕೂರಬೇಕಿತ್ತು.

ಮರುದಿನವೇ ಅರ್ಜಿ ಕೊಟ್ಟು ಕಂತನ್ನು 16,700ಕ್ಕೆ ಏರಿಸಿಕೊಂಡೆ. ಆಗ 2041ಕ್ಕೇ ಮುಗಿಯುವಂತಾಯಿತು. ಅದೇ ವರ್ಷ ಆಗಸ್ಟ್‌ನಲ್ಲಿ ರಿಸರ್ವ್ ಬ್ಯಾಂಕು, ದರ ಬದಲಾದಾಗ ಕಂತು ಏರಿಸಬೇಕೋ ಅವಧಿ ಏರಿಸಬೇಕೋ ಅಂತ ಗ್ರಾಹಕನನ್ನೇ ಕೇಳಬೇಕು ಅಂತ ಬ್ಯಾಂಕುಗಳಿಗೆ ಹೇಳಿತು. ನನ್ನ ಹಾಗೆ ಪೆಟ್ಟು ತಿಂದವರು ಬಹಳ ಜನ ಇದ್ದಿರಬೇಕು. ನಿಮಗೆ ಅಂಥ ಎಸ್‌ಎಂಎಸ್ ಬಂದರೆ ದಯವಿಟ್ಟು ಅಳಿಸಬೇಡಿ. 2025ರಲ್ಲಿ ರೆಪೊ ಇಳಿಯುತ್ತಾ ಬಂದು ಡಿಸೆಂಬರ್‌ನಲ್ಲಿ 5.25 ಆಯಿತು. ನಾನು ಕಂತು ಇಳಿಸಲಿಲ್ಲ. ದರ ಇಳಿದಷ್ಟೂ ಅಸಲಿಗೆ ಹೋಗಲಿ ಅಂತ ಬಿಟ್ಟಿದ್ದೇನೆ.

ಇನ್ನೊಂದು. ಹೊಸದಾಗಿ ಬರುವವರಿಗೆ ಬ್ಯಾಂಕುಗಳು ಕಡಿಮೆ ದರ ಕೊಟ್ಟು, ಹಳಬರನ್ನು ಹಳೆ ದರದಲ್ಲೇ ಬಿಟ್ಟಿರುತ್ತವೆ. ವರ್ಷಕ್ಕೊಮ್ಮೆ ಹೋಗಿ "ಈಗ ಹೊಸಬರಿಗೆ ಎಷ್ಟು?" ಅಂತ ಕೇಳಿ. ಸಣ್ಣ ಶುಲ್ಕ ಕಟ್ಟಿ ದರ ಇಳಿಸಿಕೊಳ್ಳಲು ಬರುತ್ತದೆ. ಕೇಳದಿದ್ದರೆ ಅವರಾಗಿ ಹೇಳುವುದು ಅಪರೂಪ.

ಈ ಬಡ್ಡಿಯ ಹೊರೆಯಿಂದ ಪಾರಾಗುವ ದಾರಿ ಒಂದೇ, ಮೊದಲ ವರ್ಷಗಳಲ್ಲಿ ಕೈಗೆ ಬಂದ ಹೆಚ್ಚಿನ ದುಡ್ಡನ್ನು ಅಸಲಿಗೆ ಹಾಕುವುದು. ನಿಮ್ಮ 20 ವರ್ಷದ ಸಾಲದಲ್ಲಿ ಎರಡನೇ ವರ್ಷದ ಕೊನೆಗೆ 2 ಲಕ್ಷ ಜಾಸ್ತಿ ಕಟ್ಟಿದರೆ ಕೊನೆಯಲ್ಲಿ 31 ಕಂತು ಉಡುಗುತ್ತವೆ, ಅಂದರೆ ಎಂಟು ಲಕ್ಷ. ಅದೇ 2 ಲಕ್ಷವನ್ನು ಹದಿನೈದನೇ ವರ್ಷದ ಕೊನೆಗೆ ಕಟ್ಟಿದರೆ 11 ಕಂತು. ಮೊದಲಿಗೆ ಕಟ್ಟಿದ ರೂಪಾಯಿ ಮುಂದಿನ ಅಷ್ಟೂ ವರ್ಷದ ಬಡ್ಡಿ ತಡೆಯುತ್ತದೆ. ಅಷ್ಟು ದೊಡ್ಡ ಗಂಟು ಇಲ್ಲವಾ? ವರ್ಷಕ್ಕೆ ಒಂದು ಕಂತು ಜಾಸ್ತಿ ಕಟ್ಟಿ, ದೀಪಾವಳಿ ಬೋನಸ್ಸಿನದು. 20 ವರ್ಷದ ಸಾಲ 16 ವರ್ಷ 9 ತಿಂಗಳಿಗೆ ಹರಿಯುತ್ತದೆ. ಆರು ಲಕ್ಷಕ್ಕೂ ಮೇಲೆ ಉಳಿಯುತ್ತದೆ. ಮುಧೋಳ ಕಡೆಯ ನಮ್ಮ ಅಳಿಯನೊಬ್ಬ ಕಬ್ಬಿನ ಬಿಲ್ಲು ಬಂದಾಗಲೆಲ್ಲ ಹೀಗೆ ಹಾಕುತ್ತಾನೆ. ನನಗೆ 2024ರ ಆಗಸ್ಟ್‌ನಿಂದ ಏಳನೇ ವೇತನ ಆಯೋಗದ ಸಂಬಳ ಬಂತು. ಏರಿದ್ದರಲ್ಲಿ ಅರ್ಧ ಸಾಲಕ್ಕೆ, ಅರ್ಧ ಮಗಳ ಕೋಚಿಂಗಿಗೆ. (ಪೂರ್ತಿ ಸಾಲಕ್ಕೆ ಅಂತ ಹೊರಟಿದ್ದೆ, ಮನೆಯಲ್ಲಿ ಮತದಾನ ನಡೆದು ಸೋತೆ.)

ದರ ಬದಲಾಗುವ ಗೃಹಸಾಲವನ್ನು ವ್ಯಕ್ತಿಗಳು ಮುಂಚಿತವಾಗಿ ಕಟ್ಟಿದರೆ ದಂಡ ಹಾಕುವಂತಿಲ್ಲ. ಕಟ್ಟುವಾಗ ಒಂದೇ ಎಚ್ಚರ: "ಇದು ಅಸಲಿಗೆ, ಕಂತು ಇಳಿಸಬೇಡಿ, ಅವಧಿ ಇಳಿಸಿ" ಅಂತ ಬರೆದು ಕೊಡಿ. ಇಲ್ಲವಾದರೆ ಕೆಲವು ಕಡೆ ಮುಂದಿನ ಕಂತಿನ ಮುಂಗಡ ಅಂತ ಜಮಾ ಮಾಡಿ ಸುಮ್ನೆ ಇಡುತ್ತಾರೆ.

ಕಂತಿನ ಹೊರಗಿನ ಖರ್ಚು ಬೇರೆ. 40 ಲಕ್ಷದ ಮನೆಗೆ ಮುದ್ರಾಂಕ, ಸೆಸ್ಸು, ಸರ್ಚಾರ್ಜು ಸೇರಿ ಪಟ್ಟಣದಲ್ಲಿ ಶೇ. 5.6. ನೋಂದಣಿ ಶುಲ್ಕ 2025ರ ಆಗಸ್ಟ್ 31ರಿಂದ ಶೇ. 1 ಇದ್ದದ್ದು 2 ಆಗಿದೆ. ಒಟ್ಟು ಮೂರು ಲಕ್ಷದ ಮೇಲೆ. ಇದಕ್ಕೆ ಸಾಮಾನ್ಯವಾಗಿ ಬ್ಯಾಂಕು ಸಾಲ ಕೊಡುವುದಿಲ್ಲ. ಹಾಗಾಗಿ ನೀವು ಕೈಯಿಂದ ಹಾಕಬೇಕಾದದ್ದು 10 ಲಕ್ಷ ಅಲ್ಲ, 13. ಆ ಮೂರು ಲಕ್ಷ ಹೊಂದಿಸಲು ಎಷ್ಟೋ ಜನ ಬಂಗಾರ ಒತ್ತೆ ಇಡುತ್ತಾರೆ, ಇಲ್ಲ ಪತ್ತಿನ ಸಂಘದ ಬಾಗಿಲು ತಟ್ಟುತ್ತಾರೆ. ಅಲ್ಲಿ ಒಂದು ಮಾತು ಕೇಳಿಕೊಳ್ಳಿ: ಬಡ್ಡಿ ಇಳಿಯುವ ಬಾಕಿಯ ಮೇಲೋ, ಮೊದಲಿನ ಪೂರ್ತಿ ಅಸಲಿನ ಮೇಲೋ? ಪೂರ್ತಿ ಅಸಲಿನ ಮೇಲೆ ಶೇ. 7 ಅಂದರೆ, ಹತ್ತು ವರ್ಷದ ಸಾಲದಲ್ಲಿ ಅದು ಬ್ಯಾಂಕಿನ ಲೆಕ್ಕದ ಶೇ. 11.7ಕ್ಕೆ ಸಮ.

ವಿಮೆ. ಸಾಲ ಮಂಜೂರಾಗುವ ದಿನ ಫಾರ್ಮುಗಳ ನಡುವೆ ಒಂದು ವಿಮೆಯ ಕಾಗದವೂ ಇರುತ್ತದೆ. ಒಂದೇ ಸಲದ ಪ್ರೀಮಿಯಂ, ಒಂದು ಲಕ್ಷ ಅಂತಿಟ್ಟುಕೊಳ್ಳಿ, "ಸಾಲದಲ್ಲೇ ಸೇರಿಸ್ತೀವಿ, ನೀವೇನೂ ಕೊಡೋದು ಬ್ಯಾಡ" ಅಂತಾರೆ. ಆ ಒಂದು ಲಕ್ಷಕ್ಕೆ 20 ವರ್ಷದಲ್ಲಿ ನೀವು ಕಟ್ಟುವುದು 2 ಲಕ್ಷ 8 ಸಾವಿರ. ವಿಮೆ ಬೇಡ ಅನ್ನುತ್ತಿಲ್ಲ. ದುಡಿಯುವವರು ನೀವೊಬ್ಬರೇ ಆಗಿದ್ದರೆ ಬೇಕೇ ಬೇಕು. ಬೇರೆಯಾಗಿ ಟರ್ಮ್ ಪಾಲಿಸಿ (ಅವಧಿಯೊಳಗೆ ತೀರಿಕೊಂಡರೆ ಮಾತ್ರ ಮನೆಯವರಿಗೆ ದುಡ್ಡು ಬರುವ ವಿಮೆ) ಮಾಡಿಸಿ, ವರ್ಷ ವರ್ಷ ಕಟ್ಟಿ.

"ತೆರಿಗೆ ಉಳಿಯುತ್ತದಲ್ಲ" ಅಂತ ಯಾರಾದರೂ ಹೇಳಿದರೆ, ಆದಾಯ ತೆರಿಗೆಯ ಹಳೆ ಪದ್ಧತಿಯಲ್ಲೋ ಹೊಸ ಪದ್ಧತಿಯಲ್ಲೋ ಅಂತ ಕೇಳಿ. ಸ್ವಂತ ವಾಸದ ಮನೆಯ ಬಡ್ಡಿಗೆ ವರ್ಷಕ್ಕೆ 2 ಲಕ್ಷದವರೆಗಿನ ವಿನಾಯಿತಿ ಹಳೆ ಪದ್ಧತಿಯಲ್ಲಿ ಮಾತ್ರ. ಹೊಸದರಲ್ಲಿ ಇಲ್ಲ.

ಮನೆಗೂ ಖರ್ಚಿದೆ. ನಮ್ಮದು ಎರೆ ಮಣ್ಣು. ಮಳೆಗೆ ಉಬ್ಬುತ್ತದೆ, ಬೇಸಿಗೆಗೆ ಬಿರಿಯುತ್ತದೆ. ಪಾಯ ಸಾಲದ್ದಕ್ಕೆ ಮೂರೇ ವರ್ಷಕ್ಕೆ ಗೋಡೆ ಬಿರುಕು ಬಿಟ್ಟು 60 ಸಾವಿರ ಹೋಯಿತು. ನೀವು ನೋಡಿರುವ ಮನೆ ಯಾವ ಮಣ್ಣಿನ ಮೇಲಿದೆ ಅಂತ ಪಕ್ಕದ ಮನೆಯವರನ್ನು ಕೇಳಿ, ಮಾರುವವರನ್ನಲ್ಲ.

ಇಷ್ಟೆಲ್ಲ ಹೇಳಿ ನಿಮ್ಮನ್ನು ಹೆದರಿಸಿದೆನೇನೋ. 62 ಲಕ್ಷ ಅಂದಾಗ ಎದೆ ಧಸಕ್ ಅನ್ನುತ್ತದೆ, ಆದರೆ ಅದು ಇವತ್ತಿನ 62 ಲಕ್ಷ ಅಲ್ಲ. ಹದಿನೈದು ವರ್ಷದ ನಂತರದ 26 ಸಾವಿರಕ್ಕೆ ಇವತ್ತಿನ ಬೆಲೆ ಇರುವುದಿಲ್ಲ. ಸಂಬಳ ಏರಿರುತ್ತದೆ. ಬಾಡಿಗೆಯೂ ಏರಿರುತ್ತದೆ, ಕಂತು ಹಾಗೆ ವರ್ಷ ವರ್ಷ ಏರುವುದಿಲ್ಲ. ಆದರೆ ಈಗ 11 ಸಾವಿರ ಕೊಡುವ ಕೈ ನಾಳೆಯೇ 26 ಕೊಡಬೇಕು. ಮೊದಲ ನಾಲ್ಕೈದು ವರ್ಷ ಬಿಗಿ. ನಿಮ್ಮ ಮನೆಯವರು ಹೇಳುತ್ತಿರುವುದು ಅದನ್ನೇ, ಅದು ತಪ್ಪೇನಲ್ಲ.

ಖಾಸಗಿ ನೌಕರಿ ಅಂತ ಬೇರೆ ಬರೆದಿದ್ದೀರಿ. 30 ವರ್ಷಕ್ಕೆ ಮಾಡಿಸಿ ತಿಂಗಳಿಗೆ 26 ಸಾವಿರವೇ ಕಟ್ಟುತ್ತಾ ಹೋದರೆ, ಹೆಚ್ಚುಕಮ್ಮಿ 20 ವರ್ಷಕ್ಕೇ ಮುಗಿಯುತ್ತದೆ, ಕಷ್ಟ ಬಂದ ತಿಂಗಳು 23ಕ್ಕೆ ಇಳಿಯಲೂಬಹುದು. ಕಾಗದದ ಮೇಲೆ ಇದು ಎಲ್ಲಕ್ಕಿಂತ ಜಾಣ ದಾರಿ. ಆದರೆ ಆ ಮೂರು ಸಾವಿರವನ್ನು ತಪ್ಪದೆ ಕಟ್ಟಿದವರನ್ನು ನಾನಂತೂ ನೋಡಿಲ್ಲ. ಮೊದಲು ಹಬ್ಬ ಬರುತ್ತದೆ, ಆಮೇಲೆ ಫ್ರಿಜ್ ಕೆಡುತ್ತದೆ. ಹಾಗಾಗಿ ನನ್ನ ಅಭಿಪ್ರಾಯ: ಆರು ಕಂತಿನಷ್ಟು ದುಡ್ಡು ಬೇರೆ ಖಾತೆಯಲ್ಲಿ ಎತ್ತಿಟ್ಟು, ಆಮೇಲೆ 20 ವರ್ಷಕ್ಕೆ ಸಹಿ ಹಾಕಿ. ಆ ಆರು ಕಂತು ಹೊಂದದಿದ್ದರೆ ಮನೆಯನ್ನೇ ಒಂದು ವರ್ಷ ಮುಂದೆ ಹಾಕಿ.

ಸಹಿಗೆ ಮುಂಚೆ "ಕೀ ಫ್ಯಾಕ್ಟ್ಸ್ ಸ್ಟೇಟ್‌ಮೆಂಟ್" ಕೇಳಿ. 2024ರ ಅಕ್ಟೋಬರ್‌ನಿಂದ ಇದನ್ನು ಕೊಡುವುದು ಕಡ್ಡಾಯ. ಶುಲ್ಕ, ವಿಮೆ ಎಲ್ಲ ಸೇರಿಸಿದ ನಿಜವಾದ ವಾರ್ಷಿಕ ದರ ಅದರಲ್ಲಿರುತ್ತದೆ. ಪ್ರತಿ ಕಂತಿನಲ್ಲಿ ಬಡ್ಡಿ ಎಷ್ಟು, ಅಸಲು ಎಷ್ಟು ಅನ್ನುವ ಪಟ್ಟಿಯೂ ಇರುತ್ತದೆ. ಸಾಲಗಾರನಿಗೆ ತಿಳಿಯುವ ಭಾಷೆಯಲ್ಲಿ ಕೊಡಬೇಕು ಅಂತ ನಿಯಮವೇ ಇದೆ, ಹಾಗಾಗಿ ಕನ್ನಡದಲ್ಲೇ ಕೇಳಿ. ಒಪ್ಪಲು ಕಡಿಮೆ ಅಂದರೂ ಮೂರು ಕೆಲಸದ ದಿನ ಸಮಯ ಕೊಡಬೇಕು. ಮನೆಗೆ ತನ್ನಿ, ಚಹಾ ಮಾಡಿಕೊಂಡು ಇಬ್ಬರೂ ಕೂತು ಆ ಪಟ್ಟಿಯ ಮೊದಲ ಅರವತ್ತು ಸಾಲು ಓದಿ. ಐದು ವರ್ಷದಲ್ಲಿ ಅಸಲು ಎಷ್ಟು ಇಳಿಯುತ್ತದೆ ಅಂತ ನಿಮ್ಮ ಮನೆಯವರೇ ಬೆರಳಿಟ್ಟು ನೋಡಲಿ.