ವರದಿ ಕಪಾಟು ಸೇರಿದ ಮೇಲೆ

ಪ್ರಿಯ ಓದುಗರೇ,

ಕಾನೂನುಗಳನ್ನು ಪರಿಶೀಲಿಸಿ ಸರ್ಕಾರಕ್ಕೆ ಸುಧಾರಣೆ ಸೂಚಿಸುವ ಕಾನೂನು ಆಯೋಗದ ಬಗ್ಗೆ ನಾವು ಪ್ರಕಟಿಸಿದ ಲೇಖನ ಓದಿ ನೀವು ಎರಡು ಪ್ರಶ್ನೆ ಕೇಳಿದ್ದೀರಿ. ಆಯೋಗದ ಮಾತನ್ನು ಸರ್ಕಾರ ಕೇಳಲೇಬೇಕೆಂದಿಲ್ಲ, ಹಾಗಿದ್ದ ಮೇಲೆ ಇಷ್ಟೊಂದು ವರದಿ ಯಾಕೆ ಎಂಬುದು ಒಂದು. ಆಯೋಗ ಅಭಿಪ್ರಾಯ ಕೇಳಿದಾಗ ನಿಮ್ಮಂಥ ವಕೀಲರು ಬರೆದು ಕಳಿಸಿದರೆ ಯಾರಾದರೂ ಓದುತ್ತಾರೆಯೇ ಎಂಬುದು ಇನ್ನೊಂದು.

ಮೊದಲನೆಯದರಲ್ಲಿ ಅರ್ಧ ನಿಮ್ಮ ಮಾತೇ ಸರಿ. ಭಾರತದ ಕಾನೂನು ಆಯೋಗಕ್ಕೆ ಯಾವ ಶಾಸನದ ಆಸರೆಯೂ ಇಲ್ಲ. ಸರ್ಕಾರಿ ಆದೇಶದಿಂದ ಹುಟ್ಟಿ, ಸಾಮಾನ್ಯವಾಗಿ ಮೂರು ವರ್ಷಕ್ಕೆ ಅವಧಿ ಮುಗಿಸುತ್ತದೆ. ಆದೇಶವೋ ನೇಮಕವೋ ತಡವಾದರೆ ಕೆಲಸ ನಿಂತೇ ಹೋಗುತ್ತದೆ. 21ನೇ ಆಯೋಗದ ಅವಧಿ 2018ರ ಆಗಸ್ಟ್‌ನಲ್ಲಿ ಮುಗಿಯಿತು. ಮುಂದಿನದಕ್ಕೆ ಅಧ್ಯಕ್ಷರು ಬಂದದ್ದು 2022ರ ನವೆಂಬರ್‌ನಲ್ಲಿ. ನಾಲ್ಕು ವರ್ಷಕ್ಕೂ ಮಿಕ್ಕಿ ಆ ಕುರ್ಚಿ ಖಾಲಿಯಿತ್ತು. ಇದನ್ನು ಸಣ್ಣ ಲೋಪವೆಂದು ನಾವು ಬಿಟ್ಟುಬಿಡಲಾರೆವು.

ಆದರೆ ಕೊಟ್ಟ ಶಿಫಾರಸು ಕಾಯ್ದೆಯಾಯಿತೇ ಎಂಬ ಒಂದೇ ಅಳತೆ ಹಿಡಿದರೆ ಬಹಳಷ್ಟು ಕೆಲಸ ಕಣ್ಣಿಗೆ ಬೀಳುವುದಿಲ್ಲ. ಐಪಿಸಿಯ (ಹಳೆಯ ಭಾರತೀಯ ದಂಡ ಸಂಹಿತೆಯ) 309ನೇ ಕಲಂ ನಿಮಗೆ ಗೊತ್ತೇ ಇದೆ. ಸಾಯಲು ಹೋಗಿ ಬದುಕಿ ಉಳಿದವರಿಗೆ ಒಂದು ವರ್ಷದವರೆಗೆ ಸಾದಾ ಸಜೆ ವಿಧಿಸಲು ಅದರಲ್ಲಿ ಅವಕಾಶವಿತ್ತು. ಇದು ಕ್ರೂರ, ತೆಗೆದುಹಾಕಿ ಎಂದು ಆಯೋಗದ 42ನೇ ವರದಿ ಹೇಳಿದ್ದು 1971ರಲ್ಲಿ. ಅದರಂತೆ ಬಂದ ಮಸೂದೆಗೆ 1978ರಲ್ಲಿ ರಾಜ್ಯಸಭೆಯ ಒಪ್ಪಿಗೆಯೂ ಸಿಕ್ಕಿತು. ಲೋಕಸಭೆಯಲ್ಲಿ ಅಂಗೀಕಾರವಾಗುವ ಮೊದಲೇ, 1979ರಲ್ಲಿ ಸದನ ವಿಸರ್ಜನೆಯಾಗಿ ಮಸೂದೆ ಬಿದ್ದುಹೋಯಿತು. ಯಾರೂ ವಿರೋಧಿಸಿ ಸೋಲಿಸಿದ್ದಲ್ಲ, ಕ್ಯಾಲೆಂಡರ್ ಸೋಲಿಸಿದ್ದು. 1994ರಲ್ಲಿ ಸುಪ್ರೀಂ ಕೋರ್ಟ್ ಆ ಕಲಮನ್ನು ರದ್ದುಮಾಡಿತು; 1996ರಲ್ಲಿ ಗ್ಯಾನ್ ಕೌರ್ ಪ್ರಕರಣದ ಸಂವಿಧಾನ ಪೀಠ ಮತ್ತೆ ಜೀವ ಕೊಟ್ಟಿತು. ಆ ತೀರ್ಪಿನ ಬೆನ್ನಿಗೆ ಆಯೋಗವೇ 1997ರ 156ನೇ ವರದಿಯಲ್ಲಿ 'ಇರಲಿ' ಎಂದಿತು. 2008ರ 210ನೇ ವರದಿ ಮತ್ತೆ 'ಬೇಡ' ಎಂದಿತು. 2017ರ ಮಾನಸಿಕ ಆರೋಗ್ಯ ಕಾಯ್ದೆಯ 115ನೇ ಕಲಂ, ಅಂಥವರು ತೀವ್ರ ಒತ್ತಡದಲ್ಲಿದ್ದರೆಂದೇ ಭಾವಿಸಬೇಕು, ವಿಚಾರಣೆಗೆ ಎಳೆಯಬಾರದು ಎಂದಿತು. 2024ರ ಜುಲೈ 1ರಂದು ಐಪಿಸಿಯ ಬದಲಿಗೆ ಜಾರಿಗೆ ಬಂದ ಭಾರತೀಯ ನ್ಯಾಯ ಸಂಹಿತೆಯಲ್ಲಿ ಹಳೆಯ 309 ಇಲ್ಲ. ಸರ್ಕಾರಿ ನೌಕರರ ಕರ್ತವ್ಯಕ್ಕೆ ಒತ್ತಡ ತರಲೆಂದು ಆತ್ಮಹತ್ಯೆಗೆ ಯತ್ನಿಸಿದರೆ ಮಾತ್ರ 226ನೇ ಕಲಂ ಅಡಿ ಅಪರಾಧ.

ಐವತ್ತು ವರ್ಷ ಮೀರಿತು, ನಿಜ. ಆದರೂ ಪ್ರತಿ ಸಲ ಚರ್ಚೆ ಎದ್ದಾಗ ಕೈಗೆ ಸಿಕ್ಕ ವಾದ ಹಳೆಯ ವರದಿಯದೇ. ವರದಿಯ ನಿಜವಾದ ಬಳಕೆ ಅಲ್ಲಿರುತ್ತದೆ.

ಹಾಗಾದರೆ ಅದು ಸಿಕ್ಕಿಕೊಳ್ಳುವುದೆಲ್ಲಿ? ವರದಿ ಕಾನೂನು ಸಚಿವರ ಕೈಸೇರುತ್ತದೆ, ಸಂಸತ್ತಿನ ಮುಂದೆ ಬರುತ್ತದೆ, ಅಲ್ಲಿಂದ ಸಂಬಂಧಪಟ್ಟ ಸಚಿವಾಲಯಕ್ಕೆ ಹೋಗುತ್ತದೆ. ಅಪರಾಧ ಕಾನೂನು ಸಮವರ್ತಿ ಪಟ್ಟಿಯಲ್ಲಿರುವುದರಿಂದ, ಅಂದರೆ ಕೇಂದ್ರ, ರಾಜ್ಯ ಎರಡೂ ಕಾನೂನು ಮಾಡಬಹುದಾದ ವಿಷಯವಾದ್ದರಿಂದ, ರಾಜ್ಯಗಳ ಅಭಿಪ್ರಾಯ ಕೇಳುತ್ತಾರೆ. ಕೆಲವು ರಾಜ್ಯಗಳ ಉತ್ತರ ಬಂದಿಲ್ಲವೆಂದರೆ ಕಡತ ಅಲ್ಲೇ ಕೂರುತ್ತದೆ. ಇಷ್ಟು ದಿನದೊಳಗೆ ಒಪ್ಪಿದೆವು ಅಥವಾ ಒಪ್ಪಲಿಲ್ಲ, ಕಾರಣ ಇದು ಎಂದು ಹೇಳುವ ಹೊಣೆಯನ್ನು ಕಾಯ್ದೆ ಯಾರ ಮೇಲೂ ಹೊರಿಸಿಲ್ಲ. ಇಂಗ್ಲೆಂಡಿನ ಕಾನೂನು ಆಯೋಗಕ್ಕೆ 1965ರ ಕಾಯ್ದೆಯಿದೆ. 2009ರ ತಿದ್ದುಪಡಿಯ ಪ್ರಕಾರ ಯಾವ ಶಿಫಾರಸು ಇನ್ನೂ ಜಾರಿಯಾಗಿಲ್ಲ ಎಂದು ಸಚಿವರು ಸಂಸತ್ತಿಗೆ ವರ್ಷವರ್ಷ ವರದಿ ಕೊಡಬೇಕು. ನಾವು ಗಟ್ಟಿಯಾಗಿ ಕೇಳಬೇಕಾದದ್ದು ಇದನ್ನೇ. ಒಪ್ಪಬೇಕೆಂಬ ಕಡ್ಡಾಯ ಬೇಡ, ಉತ್ತರಿಸಬೇಕೆಂಬ ಕಡ್ಡಾಯ ಬೇಕು.

ತಜ್ಞರೂ ತಪ್ಪುತ್ತಾರೆ, ಅದನ್ನು ಮರೆಯಬಾರದು. ಹತ್ತು ಲಕ್ಷ ಜನಕ್ಕೆ 10.5 ನ್ಯಾಯಾಧೀಶರಿದ್ದಾರೆ, ಐದು ವರ್ಷದಲ್ಲಿ 50 ಆಗಬೇಕು ಎಂದು 1987ರ 120ನೇ ವರದಿ ಹೇಳಿತು. 2002ರಲ್ಲಿ ಸುಪ್ರೀಂ ಕೋರ್ಟ್ ಅದೇ 50 ಎಂಬ ಅಂಕಿಯನ್ನು ಆದೇಶವಾಗಿಸಿತು. ಭಾಷಣ, ಅರ್ಜಿ, ಸಂಪಾದಕೀಯ ಎಲ್ಲದರಲ್ಲೂ ಆ ಅಂಕಿ ಓಡಾಡಿತು. ಆದರೆ 2014ರ 245ನೇ ವರದಿ, ಜನಸಂಖ್ಯೆ ಸರಿಯಾದ ಅಳತೆಯೇ ಅಲ್ಲ ಎಂದಿತು. ಒಂದು ಪ್ರದೇಶದಲ್ಲಿ ಎಷ್ಟು ದಾವೆ ಹೂಡುತ್ತಾರೆ ಎಂಬುದು ತಲೆ ಲೆಕ್ಕದ ಮೇಲೆ ನಿಂತಿಲ್ಲ. ಅದು ಸೂಚಿಸಿದ ವಿಧಾನ ಇತ್ಯರ್ಥದ ದರ. ಉದಾಹರಣೆಗೆ, ಒಂದು ಕಡೆ 20 ನ್ಯಾಯಾಧೀಶರಿದ್ದಾರೆ, ಒಬ್ಬರು ವರ್ಷಕ್ಕೆ 500 ಪ್ರಕರಣ ಮುಗಿಸುತ್ತಾರೆ ಎನ್ನಿ. ಒಟ್ಟು 10,000. ಹೊಸದಾಗಿ ದಾಖಲಾಗುವುದು 12,000 ಆದರೆ, ಬಾಕಿ ಬೆಳೆಯದಂತೆ ನೋಡಿಕೊಳ್ಳಲಿಕ್ಕೇ ಇನ್ನೂ 4 ಜನ ಬೇಕು. ಹಳೆಯ ಬಾಕಿ 15,000ವನ್ನು ಮೂರು ವರ್ಷದಲ್ಲಿ ಕರಗಿಸಬೇಕೆಂದರೆ ವರ್ಷಕ್ಕೆ 5,000, ಅದಕ್ಕೆ 10 ಜನ. ಒಟ್ಟು 14. ಈ ಲೆಕ್ಕವೂ ಕೆಡುವ ಜಾಗವೊಂದಿದೆ: ಒಂದು ಹೈಕೋರ್ಟು ಮಧ್ಯಂತರ ಅರ್ಜಿಯನ್ನೂ ಪ್ರತ್ಯೇಕ ಪ್ರಕರಣವೆಂದು ಎಣಿಸಿ, ಇನ್ನೊಂದು ಎಣಿಸದಿದ್ದರೆ ದರವೇ ಸುಳ್ಳಾಗುತ್ತದೆ. ಎಣಿಕೆಯ ಈ ಗೊಂದಲವನ್ನು ಆ ವರದಿಯೇ ಎತ್ತಿ ತೋರಿಸಿದೆ.

ಬೇಗ ಜಾರಿಯಾದ ಉದಾಹರಣೆಯೂ ಇದೆ. ಅದು ಆಯೋಗದ್ದಲ್ಲ. ದೆಹಲಿಯ ಸಾಮೂಹಿಕ ಅತ್ಯಾಚಾರದ ನಂತರ ಲೈಂಗಿಕ ಅಪರಾಧದ ಕಾನೂನು ಪರಿಶೀಲಿಸಲು ನ್ಯಾಯಮೂರ್ತಿ ಜೆ.ಎಸ್. ವರ್ಮಾ ಸಮಿತಿ 2012ರ ಡಿಸೆಂಬರ್ 23ರಂದು ರಚನೆಯಾಗಿ ಒಂದೇ ತಿಂಗಳಲ್ಲಿ ವರದಿ ಕೊಟ್ಟಿತು, ಹನ್ನೊಂದು ದಿನಕ್ಕೆ ಸುಗ್ರೀವಾಜ್ಞೆ ಬಂತು. ದೇಶದ ಆಕ್ರೋಶ ಮುಖ್ಯ ಕಾರಣ. ವರದಿಯ ಜೊತೆಗೇ ತಿದ್ದುಪಡಿಯ ಕರಡು ಸಿದ್ಧವಿದ್ದದ್ದೂ ಕಾರಣ. ಆದರೂ ವೈವಾಹಿಕ ಅತ್ಯಾಚಾರಕ್ಕಿರುವ ವಿನಾಯಿತಿ ತೆಗೆಯಿರಿ ಎಂಬ ಮಾತನ್ನು ಸರ್ಕಾರ ಕೈಬಿಟ್ಟಿತು.

ಇನ್ನು ನಿಮ್ಮ ಎರಡನೇ ಪ್ರಶ್ನೆ. ಬರೆಯಿರಿ, ಖಂಡಿತ ಬರೆಯಿರಿ. 'ಈ ಕಾನೂನು ಸರಿಯಿಲ್ಲ' ಎಂಬ ಪತ್ರದಿಂದ ಕರಡು ಬರೆಯುವವರಿಗೆ ಏನೂ ಸಿಗುವುದಿಲ್ಲ; ಒಂದೇ ಒಕ್ಕಣೆಯ ಸಾವಿರ ಪತ್ರವೂ ಒಂದು ವಾದವೇ. ಅಭಿಪ್ರಾಯ ಕೇಳಿ ಆಯೋಗ ಹೊರಡಿಸುವ ಸಮಾಲೋಚನಾ ಪತ್ರದ ಪ್ರಶ್ನೆಯ ಸಂಖ್ಯೆ ಹಾಕಿ, ಅದರ ಕೆಳಗೇ ಉತ್ತರಿಸಿ. ಯಾವ ಕಲಮಿನ ಯಾವ ಪದ ತೊಡಕು, ಅದರಿಂದ ವಿಚಾರಣಾ ನ್ಯಾಯಾಲಯದಲ್ಲಿ ಏನಾಗುತ್ತಿದೆ, ಬದಲಿಗೆ ಯಾವ ಪದ ಬೇಕು ಎಂದು ಬರೆಯಿರಿ. ದೆಹಲಿಯಲ್ಲಿ ಕೂತವರಿಗೆ ತಾಲ್ಲೂಕು ಕೋರ್ಟಿನ ದಿನಚರಿ ಕಾಣುವುದಿಲ್ಲ, ನಿಮಗೆ ಕಾಣುತ್ತದೆ. ಸಮನ್ಸ್ ಜಾರಿಯಾಗದೆ ಎಷ್ಟು ವಾಯಿದೆ ಹೋಯಿತು ಎಂಬುದು, ಪ್ರತಿ ವಾಯಿದೆಯ ಕಲಾಪ ದಾಖಲಾಗುವ ಆರ್ಡರ್ ಶೀಟಿನಲ್ಲೇ ಇರುತ್ತದೆ. ನಾಲ್ಕಾರು ಪ್ರಕರಣಗಳ ಆರ್ಡರ್ ಶೀಟ್ ನಕಲು ಲಗತ್ತಿಸಿ, ಕಕ್ಷಿದಾರರ ಹೆಸರು ಮರೆಮಾಡಿ. ಗಡುವು ಹೆಚ್ಚಿರುವುದಿಲ್ಲ; ಏಕರೂಪ ನಾಗರಿಕ ಸಂಹಿತೆಯ ಬಗ್ಗೆ 2023ರ ಜೂನ್ 14ರಂದು ಅಭಿಪ್ರಾಯ ಕೇಳಿದಾಗ ಮೊದಲು ಕೊಟ್ಟದ್ದು 30 ದಿನ. ಆದ್ದರಿಂದ ಈ ನಕಲುಗಳನ್ನು ಈಗಿನಿಂದಲೇ ಒಂದು ಕಡತದಲ್ಲಿ ಕೂಡಿಡುತ್ತಾ ಹೋಗಿ.

– ಸಂಪಾದಕರು